ಮರದ ನೆಲಕ್ಕೆ ಗಾಯವಾಗದಂತೆ ಕಾರ್ಪೆಟ್ ಪಿನ್ನು ಕೀಳುವುದು ಹೇಗೆ?

ಬಳ್ಳಾರಿ ಕಡೆ ಮನೆಯೊಳಗೆ ಮರದ ನೆಲ ಇದೆ ಅಂದರೆ ಜನ ಇನ್ನೊಮ್ಮೆ ತಿರುಗಿ ನೋಡುತ್ತಾರೆ. ನಮ್ಮದು ಕಡಪ ಕಲ್ಲು, ಶಹಾಬಾದ್ ಕಲ್ಲಿನ ಸೀಮೆ. ಈಗೀಗ ಗ್ರಾನೈಟು, ಟೈಲ್ಸು. ಆದರೂ ಹುಡುಕಿದರೆ ಮರದ ನೆಲ ಸಿಗುತ್ತದೆ. ಹಳೇ ಬಂಗಲೆಯ ಮೇಲಂತಸ್ತು, ಬಟ್ಟೆ ಅಂಗಡಿಯೊಳಗಿನ ಮರದ ಅಟ್ಟ, ಶಾಲೆಯ ರಂಗವೇದಿಕೆ, ವಕೀಲರ ಹಳೇ ಆಫೀಸು. ಇಂಥ ಕಡೆ ಒಳ್ಳೆಯ ಸಾಗವಾನಿ ಹಲಗೆಯ ಮೇಲೆ ಯಾರೋ ಯಾವಾಗಲೋ ಕಾರ್ಪೆಟ್ ಹಾಸಿ, ಸ್ಟೇಪಲ್ ಗನ್ನಿನಿಂದ ಪಟಪಟ ಪಿನ್ನು ಹೊಡೆದು ಹೋಗಿರುತ್ತಾರೆ. ನಡೆದಾಡುವ ಸದ್ದು ಕೆಳಗೆ ಕೇಳಬಾರದು ಅಂತಲೋ, ನೋಡೋಕೆ ಚೆನ್ನಾಗಿರಲಿ ಅಂತಲೋ.

ಕಾರ್ಪೆಟ್ ಎತ್ತುವುದು ಅರ್ಧ ದಿನದ ಕೆಲಸ. ಅದರ ಕೆಳಗಿನ ಪಿನ್ನು ಕೀಳುವುದೇ ನಿಜವಾದ ಕೆಲಸ. 12 ಅಡಿ ಉದ್ದ, 10 ಅಡಿ ಅಗಲದ ಕೋಣೆ ಅಂದುಕೊಳ್ಳಿ. ಸುತ್ತಳತೆ 44 ಅಡಿ. ಮೂರು ಇಂಚಿಗೊಂದು ಪಿನ್ನು ಹೊಡೆದಿದ್ದರೂ ಗೋಡೆಯಂಚಿನಲ್ಲೇ 176 ಪಿನ್ನು. ಕೆಳಗೆ ಫೋಮ್ ಹಾಸಿದ್ದರೆ ಅದಕ್ಕೆ ಬೇರೆ ಸಾಲು. ಕೆಲಸ ಕಷ್ಟದ್ದಲ್ಲ, ಆದರೆ ತಾಳ್ಮೆ ಬೇಕು. ಕೂಲಿಗೆ ಕೊಟ್ಟರೆ ಒಂದೇ ದಿನಕ್ಕೆ ಮುಗಿಸಿಕೊಡುತ್ತಾರೆ, ಜೊತೆಗೆ ನೆಲದ ತುಂಬಾ ಅರ್ಧಚಂದ್ರದ ಗುರುತು ಬಿಟ್ಟು ಹೋಗುತ್ತಾರೆ. ಹಾಗಾಗಿ ಸ್ವಂತ ಮಾಡಿಕೊಳ್ಳುವುದೇ ಮೇಲು. ಇಲ್ಲದಿದ್ದರೆ ಪಕ್ಕದಲ್ಲಿ ಕೂತು ಮಾಡಿಸಿಕೊಳ್ಳಿ.

ಒಂದು ಮಾತು ಮೊದಲೇ ಹೇಳಿಬಿಡುತ್ತೇನೆ. ಪಿನ್ನು ಮಾಡುವ ತೂತು ಗುಂಡುಸೂಜಿಯ ತೂತಿನಷ್ಟೇ, ಅದು ಕಣ್ಣಿಗೂ ಬೀಳುವುದಿಲ್ಲ. ನೆಲ ಕೆಡುವುದು ಪಿನ್ನು ಮೀಟುವಾಗ ಸ್ಕ್ರೂಡ್ರೈವರಿನ ಹಿಂಬದಿ ಊರಿದ ಜಾಗದಲ್ಲಿ. ಮುಂದೆ ಹೇಳುವುದೆಲ್ಲ ಆ ಊರುವ ಜಾಗವನ್ನು ಕಾಪಾಡುವ ಬಗ್ಗೆಯೇ.

ಮೊದಲು ಒಂದು ಮೂಲೆ ಎತ್ತಿ ನೋಡಿ

ಬಾಗಿಲಿನಿಂದ ದೂರದ, ಯಾರ ಕಣ್ಣಿಗೂ ಬೀಳದ ಮೂಲೆ ಆರಿಸಿಕೊಳ್ಳಿ. ಒಂದೆರಡು ಅಡಿ ಕಾರ್ಪೆಟ್ ಎತ್ತಿ ಕೆಳಗೇನಿದೆ ನೋಡಿ. ವೇದಿಕೆಗಳಲ್ಲಿ ಎಷ್ಟೋ ಸಲ ಪ್ಲೈವುಡ್ಡೇ ಇರುತ್ತದೆ. ಹಾಗಿದ್ದರೆ ಇಷ್ಟೆಲ್ಲ ನಾಜೂಕು ಬೇಡ, ಪಿನ್ನು ಕಿತ್ತು ಮೇಲೆ ಇನ್ನೇನಾದರೂ ಹಾಸಿಕೊಳ್ಳಿ. ಅಖಂಡ ಹಲಗೆಯೋ ಅಲ್ಲವೋ ತಿಳಿಯಬೇಕಾದರೆ ಹಲಗೆಯ ತುದಿ ಅಥವಾ ಸಂದು ನೋಡಬೇಕು. ಮೇಲಿನ ಎಳೆ, ಅಂದರೆ ಮರದಲ್ಲಿ ಕಾಣುವ ಗೆರೆಗಳು, ದಪ್ಪದುದ್ದಕ್ಕೂ ಕೆಳಗಿಳಿದಿದ್ದರೆ ಅಖಂಡ ಮರ. ಮೇಲೆ ತೆಳುವಾದ ಮರದ ಪದರ, ಕೆಳಗೆ ಬೇರೆ ಪದರಗಳು ಕಂಡರೆ ಅದು ಈಚಿನ ಕಾಲದ ಪದರದ ಹಲಗೆ. ಅದನ್ನು ಜಾಸ್ತಿ ಉಜ್ಜುವ ಹಾಗಿಲ್ಲ, ಮೇಲಿನ ಮರವೇ ಸವೆದುಹೋಗುತ್ತದೆ.

ಪಾಲಿಶ್ ಯಾವುದು ಅಂತಲೂ ಗೊತ್ತಿರಲಿ. ಹತ್ತಿಗೆ ಒಂದೆರಡು ಹನಿ ಸ್ಪಿರಿಟ್ ಹಾಕಿ ಮೂಲೆಯಲ್ಲಿ ಒತ್ತಿ ಹಿಡಿಯಿರಿ. ಮೇಲ್ಮೈ ಅಂಟಂಟಾಗಿ ಹತ್ತಿಗೆ ಕಂದು ಬಣ್ಣ ಬಂದರೆ ಅದು ಅರಗಿನ ಪಾಲಿಶ್, ಅಂದರೆ ಫ್ರೆಂಚ್ ಪಾಲಿಶ್. ಹಳೇ ಮನೆಗಳಲ್ಲಿ ಇದೇ ಜಾಸ್ತಿ. ಇದಕ್ಕೆ ನೀರು, ಬಿಸಿ ಎರಡೂ ಆಗಿಬರುವುದಿಲ್ಲ, ಬೆಳ್ಳಗಾಗುತ್ತದೆ. ಸ್ಪಿರಿಟ್‌ಗೆ ಏನೂ ಆಗದಿದ್ದರೆ ಮೆಲಮೈನ್ ಅಥವಾ ಪಿಯು (ಪಾಲಿಯುರೆಥೇನ್) ಪಾಲಿಶ್ ಇರಬಹುದು. ಒಂದು ಹನಿ ನೀರು ಬಿಟ್ಟಾಗ ಹೀರಿಕೊಂಡು ಆ ಜಾಗ ಕಪ್ಪಾದರೆ ಮರ ಬರಿಮೈಯಲ್ಲಿದೆ ಅಂತ ಅರ್ಥ.

ಇಲ್ಲಿ ಎರಡು ಎಚ್ಚರಿಕೆ. ಹಲಗೆಗೆ ಹಳೇ ಆಯಿಲ್ ಪೇಂಟ್ ಬಳಿದಿದ್ದರೆ ಅದನ್ನು ಒಣದಾಗಿ ಉಜ್ಜಬೇಡಿ. ನಮ್ಮಲ್ಲಿ ಬಣ್ಣದಲ್ಲಿ ಸೀಸ 90 ಪಿಪಿಎಂಗಿಂತ (ಹತ್ತು ಲಕ್ಷ ಭಾಗಕ್ಕೆ 90 ಭಾಗ) ಜಾಸ್ತಿ ಇರಬಾರದು ಅನ್ನೋ ನಿಯಮ ಜಾರಿಗೆ ಬಂದದ್ದು 2017ರಲ್ಲಿ. ಅದಕ್ಕೂ ಹಿಂದಿನ ಬಣ್ಣದಲ್ಲಿ ಎಷ್ಟು ಸೀಸ ಇದೆಯೋ ಹೇಳೋಕಾಗಲ್ಲ. ಆ ಧೂಳು ಮಕ್ಕಳ ಮೈಗೆ ಹೋದರೆ ಕೆಟ್ಟದ್ದು. ಇನ್ನೊಂದು, ಡಾಂಬರಿನಂಥ ಕಪ್ಪು ಅಂಟು ಮೆತ್ತಿದ್ದರೆ ಅದನ್ನೂ ಮುಟ್ಟಬೇಡಿ. ಹಳೇ ಅಂಟುಗಳಲ್ಲಿ ಕೆಲವಕ್ಕೆ ಶ್ವಾಸಕೋಶಕ್ಕೆ ಅಪಾಯವಾದ ಆಸ್ಬೆಸ್ಟಾಸ್ ನಾರು ಬೆರೆಸುತ್ತಿದ್ದರು.

ಗೆದ್ದಲು ಇದೆಯಾ ಅಂತಲೂ ಒಮ್ಮೆ ದಬ್ಬಣದಿಂದ ಅಲ್ಲಲ್ಲಿ ಚುಚ್ಚಿ ನೋಡಿ. ಮರ ಮೆತ್ತಗೆ ಒಳಗೆ ಹೋದರೆ ಪಿನ್ನಿನ ಚಿಂತೆ ಬಿಟ್ಟು ಮೊದಲು ಬಡಗಿಯನ್ನು ಕರೆಸಿ.

ಬೇಕಾಗುವ ಸಾಮಾನು

ಇದಕ್ಕೆ ಅಂತಲೇ ಬಾಗಿದ ಮೂತಿಯ ಪಿನ್ನು ಕೀಳುವ ಸಾಧನ ಆನ್‌ಲೈನಿನಲ್ಲಿ ಸಿಗುತ್ತದೆ. ಸೋಫಾ ಕೆಲಸದವರ ಹತ್ತಿರವೂ ಇರುತ್ತದೆ, ಕೇಳಿ ನೋಡಿ. ಸಿಗದಿದ್ದರೆ ಬೇಜಾರಿಲ್ಲ. ಸಣ್ಣ ಮೈನಸ್ ಸ್ಕ್ರೂಡ್ರೈವರ್ ಒಂದನ್ನು ಇದಕ್ಕೇ ಮೀಸಲಿಡಿ. ಅದರ ತುದಿಯನ್ನು ಅರದಲ್ಲಿ ಉಜ್ಜಿ ಒಂದು ಮಿಲಿಮೀಟರ್‌ಗಿಂತ ತೆಳುವು ಮಾಡಿ. ಎರಡೂ ಮೂಲೆಗಳನ್ನು ಗುಂಡಗೆ ಮಾಡುವುದು ಮರೆಯಬೇಡಿ. ಮರಕ್ಕೆ ಗೀರು ಬೀಳುವುದು ಆ ಚೂಪು ಮೂಲೆಗಳಿಂದಲೇ. ತುದಿಯನ್ನು ಸ್ವಲ್ಪ ಮೇಲಕ್ಕೆ ಬಗ್ಗಿಸಿಕೊಂಡರೆ ಇನ್ನೂ ಅನುಕೂಲ. ಆದರೆ ತಣ್ಣಗಿರುವಾಗ ಬಗ್ಗಿಸೋಕೆ ಹೋದರೆ ಮುರಿಯುತ್ತದೆ. ಗ್ರಿಲ್ ಕೆಲಸದ ಅಂಗಡಿಯಲ್ಲಿ ಕಾಯಿಸಿ ಬಗ್ಗಿಸಿಕೊಡುತ್ತಾರೆ.

ಎರಡನೆಯದು ಅಗಲ ಬಾಯಿಯ ಇಕ್ಕಳ. ಚಪ್ಪಲಿ ರಿಪೇರಿಯವರು ಮೊಳೆ ಕೀಳುತ್ತಾರಲ್ಲ, ಅದೇ. ನನ್ನ ಕೇಳಿದರೆ ಈ ಇಡೀ ಕೆಲಸದಲ್ಲಿ ಇದಕ್ಕಿಂತ ಉಪಯೋಗದ ವಸ್ತು ಇನ್ನೊಂದಿಲ್ಲ. ಅದರ ತಲೆ ದುಂಡಗಿರುವುದರಿಂದ ಹಿಡಿದು ಹೊರಳಿಸಿದರೆ ಸಾಕು, ಪಿನ್ನು ತಾನೇ ಮೇಲೆ ಬರುತ್ತದೆ. ಹೊಸದಾಗಿದ್ದರೆ ಬಾಯಿ ತುಂಬಾ ಚೂಪಿರುತ್ತದೆ, ಪಿನ್ನನ್ನು ಕತ್ತರಿಸಿಯೇ ಬಿಡುತ್ತದೆ. ಅರದಲ್ಲಿ ಎರಡು ಸಲ ಎಳೆದು ಮೊಂಡು ಮಾಡಿಕೊಳ್ಳಿ. ಇಕ್ಕಳ ಹೋಗದ ಸಂದಿಗೆ ನೋಸ್ ಪ್ಲೈಯರ್ ಇರಲಿ.

ಮೂರನೆಯದು ದಬ್ಬಣ, ಭತ್ತದ ಚೀಲ ಹೊಲಿಯುವುದು. ಗಂಗಾವತಿ, ಸಿಂಧನೂರು ಕಡೆಯವರು ಇದನ್ನು ಹುಡುಕಿಕೊಂಡು ಹೋಗಬೇಕಿಲ್ಲ. ಮರದೊಳಗೆ ಹೂತುಹೋದ ಪಿನ್ನಿನ ಕೆಳಗೆ ನುಗ್ಗುವಷ್ಟು ಸಪೂರ ಇನ್ಯಾವುದೂ ಇರಲ್ಲ.

ಇನ್ನು ಮುಖ್ಯವಾದದ್ದು ಆರಿಂಚಿನ ಸ್ಟೀಲ್ ಸ್ಕೇಲು. ಸ್ಕ್ರೂಡ್ರೈವರ್, ಇಕ್ಕಳ ಎರಡೂ ಊರುವುದು ಇದರ ಮೇಲೆ. ರಟ್ಟು ಇಟ್ಟರೆ ಒತ್ತಡಕ್ಕೆ ಅದೂ ತಗ್ಗುತ್ತದೆ, ಕೆಳಗಿನ ಮರವೂ ತಗ್ಗುತ್ತದೆ. ಹಳೇ ಎಟಿಎಂ ಕಾರ್ಡು ನಡೆಯುತ್ತದೆ, ಆದರೆ ಬೇಗ ಹರಿದುಹೋಗುತ್ತದೆ. ಸ್ಕೇಲಿನ ಅಡಿಗೆ ಜೀನ್ಸ್ ಬಟ್ಟೆಯ ತುಂಡು ಅಂಟಿಸಿ. ಬಳ್ಳಾರಿಯಲ್ಲಿ ಜೀನ್ಸ್ ಚಿಂದಿಗೆ ಬರವೇ? ಯಾವ ಹೊಲಿಗೆ ಘಟಕದ ಮುಂದೆ ನಿಂತರೂ ಒಂದು ಚೀಲ ಸಿಗುತ್ತದೆ. ಅದೇ ಚಿಂದಿಯನ್ನು ನಾಲ್ಕೈದು ಮಡಿಕೆ ಮಾಡಿದರೆ ಮೊಣಕಾಲಿಗೆ ಹಾಸಿಕೊಳ್ಳೋಕೂ ಆಗುತ್ತದೆ.

ಉಳಿದದ್ದು ಸಣ್ಣಪುಟ್ಟದ್ದು: ಕಟ್ಟರ್ ಬ್ಲೇಡು, ಟಾರ್ಚು, ಹಳೇ ಸ್ಪೀಕರ್ ಒಳಗಿನ ಅಯಸ್ಕಾಂತ, ಪಿನ್ನು ಹಾಕಲು ಮುಚ್ಚಳದ ಡಬ್ಬಿ, ದಪ್ಪ ಗ್ಲೌಸು, ಕನ್ನಡಕ, ಮಾಸ್ಕು. ಕಾಲಿಗೆ ಬೂಟು. ಚಪ್ಪಲಿ ಹಾಕಿಕೊಂಡು ಈ ಕೆಲಸಕ್ಕೆ ಇಳಿಯಬೇಡಿ. ಟಿಟಿ ಇಂಜೆಕ್ಷನ್ ತೆಗೆದುಕೊಂಡು ಹತ್ತು ವರ್ಷ ದಾಟಿದ್ದರೆ ಮೊದಲು ಅದನ್ನು ಹಾಕಿಸಿಕೊಳ್ಳಿ. ಧನುರ್ವಾಯು ತರುವ ರೋಗಾಣು ಇರುವುದು ಮಣ್ಣು, ಧೂಳಿನಲ್ಲಿ. ಕಾರ್ಪೆಟ್ ಕೆಳಗೆ ಅದಕ್ಕೇನು ಕಡಿಮೆ?

ಕಾರ್ಪೆಟ್ ಎತ್ತುವುದು

ಸಾಮಾನೆಲ್ಲ ಹೊರಗೆ ಹಾಕಿ, ಕಿಟಕಿ ತೆರೆಯಿರಿ. ಧೂಳು ಏಳದಿರಲಿ ಅಂತ ನೀರು ಚಿಮುಕಿಸುವವರಿದ್ದಾರೆ. ಮರದ ನೆಲದ ಮೇಲೆ ಅದು ಬೇಡ. ನೀರು ಕೆಳಗಿಳಿದು ಪಿನ್ನಿನ ಸುತ್ತ ಕಪ್ಪು ಕಲೆ ಕಟ್ಟುತ್ತದೆ.

ಮೂಲೆಯಲ್ಲಿ ಇಕ್ಕಳದಿಂದ ಕಾರ್ಪೆಟ್ಟಿನ ಅಂಚು ಹಿಡಿದು ಮೇಲಕ್ಕೆತ್ತಿ. ಎತ್ತಿದ ಭಾಗವನ್ನು ಹಿಂದಕ್ಕೆ ಮಡಚಿ, ಬೆನ್ನು ಮೇಲೆ ಮಾಡಿ, ಆ ಬೆನ್ನಿನ ಮೇಲೆ ಕಟ್ಟರ್ ಓಡಿಸಿ. ನೆಲದ ಮೇಲೆ ಹಾಸಿದ್ದ ಹಾಗೆಯೇ ಕತ್ತರಿಸಿದರೆ ಬ್ಲೇಡು ಹಲಗೆಗೆ ತಾಕುತ್ತದೆ. ಬ್ಲೇಡಿನ ಗೀರು ಎಳೆಗೆ ಅಡ್ಡ ಬಿದ್ದರೆ ಯಾವ ಪಾಲಿಶ್‌ನಲ್ಲೂ ಮುಚ್ಚಿಹೋಗುವುದಿಲ್ಲ. ಒಂದೂವರೆ, ಎರಡು ಅಡಿ ಅಗಲದ ಪಟ್ಟಿ ಮಾಡಿಕೊಂಡರೆ ಸುತ್ತಿ ಹೊರಗೆ ಒಯ್ಯೋಕೂ ಸುಲಭ.

ಎಳೆಯುವಾಗ ಜಗ್ಗಾಡಬೇಡಿ. ಕಾರ್ಪೆಟ್ಟಿನ ಜೊತೆ ಪಿನ್ನೂ ಬರಲಿ ಅಂತ ಜೋರಾಗಿ ಎಳೆದರೆ ಒಂದು ಕಾಲು ಹೊರಗೆ ಬಂದು ಇನ್ನೊಂದು ಒಳಗೇ ಮುರಿಯುತ್ತದೆ, ಇಲ್ಲವೇ ಪಿನ್ನು ಹೊರಡುವಾಗ ಮರದ ಸಿಬಿರನ್ನೂ ಕಿತ್ತುಕೊಂಡು ಹೋಗುತ್ತದೆ. ಕಾರ್ಪೆಟ್ ಹರಿದು ಪಿನ್ನು ನೆಲದಲ್ಲೇ ಉಳಿದರೆ ಒಳ್ಳೆಯದೇ ಆಯಿತು ಅಂದುಕೊಳ್ಳಿ. ಅದನ್ನು ನಿಧಾನಕ್ಕೆ ಕಿತ್ತರಾಯಿತು.

ಕೆಳಗಿನ ಫೋಮ್ ಹಳೆಯದಾಗಿದ್ದರೆ ಪುಡಿಪುಡಿಯಾಗಿ ನೆಲಕ್ಕೆ ಅಂಟಿರುತ್ತದೆ. ಅದನ್ನು ಪ್ಲಾಸ್ಟಿಕ್ಕಿನ ಅಂಚಿನಿಂದ ಕೆರೆಯಿರಿ. ಪಿನ್ನೆಲ್ಲ ಹೋಗುವ ತನಕ ಕಬ್ಬಿಣದ ಪುಟ್ಟಿ ಬ್ಲೇಡು ಅತ್ತ ಸುಳಿಯುವುದು ಬೇಡ. ಪಿನ್ನಿಗೆ ತಗುಲಿ ಜಾರಿದರೆ ನೆಲಕ್ಕೂ ಗೀರು, ಕೈಗೂ ಗಾಯ.

ಆಮೇಲೆ ಧೂಳು. ನಮ್ಮ ಕಡೆಯ ಧೂಳು ಬರೀ ಮಣ್ಣಲ್ಲ. ಸಂಡೂರು, ತೋರಣಗಲ್ಲು ಕಡೆಯ ಗಾಳಿಯಲ್ಲಿ ಅದಿರಿನ ಕೆಂಪು ಪುಡಿ ಇರುತ್ತದೆ. ಅದು ಪಾಲಿಶ್‌ಗಿಂತ ಗಟ್ಟಿ. ಕಾರ್ಪೆಟ್ಟಿನ ನೂಲಿನ ಮಧ್ಯೆ ಇಳಿದು ವರ್ಷಗಟ್ಟಲೆ ಹಲಗೆಯ ಮೇಲೆ ಕೂತಿರುತ್ತದೆ. ಅದರ ಮೇಲೆ ಮೊಣಕಾಲೂರಿ ಒಂದು ಸಲ ಜರುಗಿದರೂ ಸಾಕು, ಸಣ್ಣ ಗೀರುಗಳ ಜಾಲವೇ ಬೀಳುತ್ತದೆ. ಹಾಗಾಗಿ ಪಿನ್ನು ಕೀಳುವ ಮೊದಲೇ ವ್ಯಾಕ್ಯೂಮ್ ಹಾಕಿ ಧೂಳು ಎಳೆಯಿರಿ. ಇಲ್ಲದಿದ್ದರೆ ಮೆತ್ತನೆ ಕಸಬರಿಗೆಯಿಂದ ಎಳೆಯ ಉದ್ದಕ್ಕೆ ಗುಡಿಸಿ. ಒದ್ದೆ ಬಟ್ಟೆ ಬೇಡ, ಕೆಂಪು ಕೆಸರಾಗಿ ಸಂದುಗಳಿಗೆ ಇಳಿಯುತ್ತದೆ.

ಒಂದು ಪಿನ್ನು ಕೀಳುವುದು

ಮೇಲೆ ಕಾಣುವ ಅಡ್ಡ ತಂತಿಗೆ ಬೆನ್ನು ಅನ್ನೋಣ. ಒಳಗಿಳಿದ ಎರಡಕ್ಕೆ ಕಾಲು. ಕೈಗನ್ನಿನ ಪಿನ್ನಿನ ಬೆನ್ನು ಸುಮಾರು ಒಂದು ಸೆಂಟಿಮೀಟರ್ ಅಗಲ ಇರುತ್ತದೆ. ಕಾಲು 6ರಿಂದ 14 ಮಿಲಿಮೀಟರ್ ತನಕ ಬೇರೆ ಬೇರೆ ಅಳತೆಯಲ್ಲಿ ಬರುತ್ತದೆ.

ಕೈ ಹಾಕುವ ಮೊದಲು ಪಿನ್ನಿನ ಬೆನ್ನು ಮರದ ಎಳೆಗೆ ಅಡ್ಡ ಇದೆಯೋ, ಎಳೆಯ ಉದ್ದಕ್ಕೆ ಇದೆಯೋ ನೋಡಿ. ಇದನ್ನು ಯಾರೂ ಗಮನಿಸುವುದಿಲ್ಲ. ಆದರೆ ಅರ್ಧ ಕೆಲಸ ಇದರಲ್ಲೇ ಇದೆ. ಬೆನ್ನು ಎಳೆಗೆ ಅಡ್ಡ ಇದ್ದರೆ ನಿಮ್ಮ ಸ್ಕ್ರೂಡ್ರೈವರ್ ಎಳೆಯ ಉದ್ದಕ್ಕೆ ಒಳಗೆ ಹೋಗುತ್ತದೆ. ಸ್ವಲ್ಪ ಗೀರು ಬಿದ್ದರೂ ಎಳೆಯೊಳಗೆ ಸೇರಿಹೋಗುತ್ತದೆ. ಬೆನ್ನು ಎಳೆಯ ಉದ್ದಕ್ಕೆ ಇದ್ದರೆ ಸ್ಕ್ರೂಡ್ರೈವರ್ ಎಳೆಯನ್ನು ಕತ್ತರಿಸಿಕೊಂಡು ಅಡ್ಡ ಹೋಗಬೇಕಾಗುತ್ತದೆ. ಜೊತೆಗೆ ಎರಡೂ ಕಾಲು ಒಂದೇ ಎಳೆಯ ಸಾಲಿನಲ್ಲಿ ಇಳಿದಿರುವುದರಿಂದ ಮರ ಸೀಳುವ ಭಯವೂ ಇದೆ. ಇಂಥ ಪಿನ್ನುಗಳಿಗೆ ದಬ್ಬಣವೇ ಸರಿ, ಸ್ಕ್ರೂಡ್ರೈವರ್ ಬೇಡ.

ಈಗ ಪಿನ್ನಿನ ಪಕ್ಕಕ್ಕೇ, ತಾಕುವಷ್ಟು ಹತ್ತಿರ ಸ್ಕೇಲು ಇಡಿ. ಸ್ಕ್ರೂಡ್ರೈವರಿನ ತುದಿಯನ್ನು ಬೆನ್ನಿನ ಕೆಳಗೆ, ಒಂದು ಕಾಲಿನ ಹತ್ತಿರ ತೂರಿಸಿ. ನಟ್ಟನಡುವೆ ತೂರಿಸಿ ಮೀಟಿದರೆ ಬೆನ್ನು ಬಿಲ್ಲಿನ ಹಾಗೆ ಬಾಗಿ, ಕಾಲು ಸೇರುವ ಮೂಲೆಯಲ್ಲಿ ತುಂಡಾಗುತ್ತದೆ. ಈ ಬದಿಯಲ್ಲಿ ಸ್ವಲ್ಪವೇ ಮೇಲೆತ್ತಿ. ಆ ಬದಿಗೆ ಹೋಗಿ ಅಷ್ಟೇ ಎತ್ತಿ. ಮತ್ತೆ ಈ ಬದಿ. ಹೀಗೆ ಎರಡು ಮೂರು ಸಲಕ್ಕೆ ಬೆನ್ನು ಎರಡು ಮೂರು ಮಿಲಿಮೀಟರ್ ಮೇಲೆ ಬರುತ್ತದೆ. ಸ್ಕ್ರೂಡ್ರೈವರನ್ನು ಕೀಲಿ ತಿರುಗಿಸಿದಂತೆ ತಿರುಗಿಸಬೇಡಿ. ಬೇಗ ಆಗುತ್ತದೆ ಅನ್ನಿಸುತ್ತದೆ, ಆದರೆ ತಿರುಗಿಸಿದಾಗ ಅದರ ಒಂದು ಅಂಚು ಪಿನ್ನನ್ನು ಎತ್ತಿದರೆ ಇನ್ನೊಂದು ಅಂಚು ಮರದೊಳಗೆ ಇಳಿಯುತ್ತದೆ.

ಮೂರು ಮಿಲಿಮೀಟರ್ ಮೇಲೆ ಬಂತೋ, ಸ್ಕ್ರೂಡ್ರೈವರಿನ ಕೆಲಸ ಮುಗಿಯಿತು. ಇನ್ನು ಮುಂದೆ ಇಕ್ಕಳ. ಬೆನ್ನನ್ನು ಹಿಡಿಯಬೇಡಿ. ಎರಡೂ ಕಾಲುಗಳನ್ನು ಕೂಡಿಸಿ ಮರಕ್ಕೆ ಹತ್ತಿರದಲ್ಲಿ ಹಿಡಿಯಿರಿ. ಇಕ್ಕಳದ ದುಂಡು ತಲೆ ಸ್ಕೇಲಿನ ಮೇಲೆ ಕೂರಲಿ. ಈಗ ಹಿಡಿಕೆಯನ್ನು ನಿಧಾನಕ್ಕೆ ಪಕ್ಕಕ್ಕೆ ವಾಲಿಸಿ. ಒಂದೇ ಸಲಕ್ಕೆ ಪೂರ್ತಿ ಬರದಿದ್ದರೆ ಬಿಟ್ಟು ಇನ್ನೂ ಕೆಳಗೆ ಹಿಡಿದು ಮತ್ತೆ ವಾಲಿಸಿ.

ಪಿನ್ನು ಓರೆಯಾಗಿ ಇಳಿದಿದ್ದರೆ ಓರೆಯಾಗಿಯೇ ಎಳೆಯಬೇಕು. ಕಾಲಿಗೆ ಚುಚ್ಚಿದ ಜಾಲಿ ಮುಳ್ಳನ್ನು ಹೋದ ದಾರಿಯಲ್ಲೇ ತೆಗೆಯುತ್ತೇವಲ್ಲ, ಹಾಗೆ. ಗೋಡೆಯಂಚಿನ ಪಿನ್ನುಗಳು ಸಾಮಾನ್ಯವಾಗಿ ಓರೆಯೇ ಇರುತ್ತವೆ. ಗನ್ನು ಗೋಡೆಗೆ ತಾಗುವುದರಿಂದ ಹೊಡೆದವರು ವಾಲಿಸಿ ಹೊಡೆದಿರುತ್ತಾರೆ. ಅಲ್ಲಿ ಗೋಡೆಗೂ ಒಂದು ತುಂಡು ಜೀನ್ಸ್ ಬಟ್ಟೆ ಒರಗಿಸಿಕೊಳ್ಳಿ, ಇಕ್ಕಳದ ಹಿಡಿಕೆ ತಗುಲಿ ಸುಣ್ಣ ಉದುರದಿರಲಿ.

ನಮ್ಮ ಕಡೆ ಬಡಗಿಯೊಬ್ಬರು ಕೆಲಸದ ಹುಡುಗನಿಗೆ ಹೇಳುತ್ತಿದ್ದ ಮಾತು ಇದು: "ಕೈ ಬಳಸಬ್ಯಾಡಪ್ಪಾ, ಮಣಿಕಟ್ಟು ಬಳಸು." ತೋಳಿನ ಬಲ ಹಾಕಿ ಎಳೆದಾಗ ಪಿನ್ನು ಫಕ್ಕನೆ ಬಿಟ್ಟು ಇಕ್ಕಳ ಎಲ್ಲೋ ಹೋಗಿ ಬಡಿಯುತ್ತದೆ. ಮಣಿಕಟ್ಟಿನಲ್ಲೇ ಹೊರಳಿಸಿದರೆ ಆ ಅಪಾಯ ಇಲ್ಲ.

ಬೆನ್ನು ಮರದೊಳಗೆ ಹೂತಿದ್ದರೆ ದಬ್ಬಣದ ಮೊನೆಯನ್ನು ಬೆನ್ನಿನ ಪಕ್ಕದಲ್ಲಿ ಓರೆಯಾಗಿ ಇಟ್ಟು ಅಂಗೈಯಿಂದ ಒತ್ತಿ. ಸುತ್ತಿಗೆ ಏಟು ಬೇಡ. ಮೊನೆ ಕೆಳಗೆ ಹೋದ ಮೇಲೆ ದಬ್ಬಣವನ್ನು ಸ್ಕೇಲಿನ ಮೇಲೆ ಒತ್ತಿ ಸ್ವಲ್ಪ ಮೀಟಿ. ಸ್ಕ್ರೂಡ್ರೈವರ್ ಅಥವಾ ನೋಸ್ ಪ್ಲೈಯರಿನ ತುದಿ ಸೇರುವಷ್ಟು ಜಾಗ ಆದರೆ ಸಾಕು. ದಬ್ಬಣದಿಂದಲೇ ಪೂರ್ತಿ ಎತ್ತಲು ಹೋದರೆ ಅದು ಬಾಗುತ್ತದೆ.

ಕಿತ್ತ ಪಿನ್ನು ಆಗಿಂದಾಗಲೇ ಡಬ್ಬಿಗೆ. ಪಕ್ಕಕ್ಕೆ ಇಟ್ಟ ಪಿನ್ನಿನ ಮೇಲೆಯೇ ಆಮೇಲೆ ಮೊಣಕಾಲು ಊರುತ್ತದೆ. ಮೊಣಕಾಲಿಗೂ ಚುಚ್ಚುತ್ತದೆ, ಕೆಳಗಿನ ಹಲಗೆಗೂ ಅಚ್ಚು ಬೀಳುತ್ತದೆ. ಗೋಡೆಯ ಕಡೆಯಿಂದ ಶುರು ಮಾಡಿ ಬಾಗಿಲಿನ ಕಡೆಗೆ ಹಿಂದೆ ಹಿಂದೆ ಬರಬೇಡಿ. ಬಾಗಿಲಿನಿಂದ ಒಳಗೆ ಹೋಗಿ. ಆಗ ನೀವು ಓಡಾಡುವ ಜಾಗ ಯಾವಾಗಲೂ ಪಿನ್ನಿಲ್ಲದ ಜಾಗವಾಗಿರುತ್ತದೆ.

ಏಪ್ರಿಲ್, ಮೇ ತಿಂಗಳಲ್ಲಿ ಈ ಕೆಲಸ ಬೇಡ ಅಂತ ನನ್ನ ಸಲಹೆ. ರಾಯಚೂರು, ಬಳ್ಳಾರಿಯಲ್ಲಿ ಆಗ 40 ಡಿಗ್ರಿ ದಾಟುತ್ತದೆ, ಮರ ಒಣಗಿ ಬೇಗ ಸಿಬಿರು ಏಳುತ್ತದೆ. ಬೆವರೂ ಹಲಗೆಯ ಮೇಲೆ ತೊಟ್ಟಿಕ್ಕುತ್ತದೆ. ದೀಪಾವಳಿ ಕಳೆದ ಮೇಲಿನ ದಿನಗಳು ಒಳ್ಳೆಯವು. ಬೇಸಿಗೆಯಲ್ಲೇ ಮಾಡಬೇಕಾಗಿ ಬಂದರೆ ಬೆಳಗ್ಗೆ ಹತ್ತರೊಳಗೆ ಮುಗಿಸಿ.

ಹಠಮಾರಿ ಪಿನ್ನುಗಳು

ತುಕ್ಕು ಹಿಡಿದ ಪಿನ್ನು ಮರಕ್ಕೆ ಕಚ್ಚಿಕೊಂಡಿರುತ್ತದೆ. ಅದನ್ನು ಎಳೆಯುವ ಮೊದಲು ಬೆನ್ನಿನ ಮೇಲೆ ಸಣ್ಣ ಮೊಳೆಯ ತಲೆ ಇಟ್ಟು ಹಗುರಾಗಿ ಒಂದು ಏಟು ಕೊಡಿ. ಕೂದಲೆಳೆಯಷ್ಟು ಒಳಗೆ ಸರಿದರೂ ತುಕ್ಕಿನ ಹಿಡಿತ ಬಿಡುತ್ತದೆ. ಆಮೇಲೆ ಮೀಟಿದರೆ ಮುರಿಯದೆ ಬರುತ್ತದೆ.

ಕೆಲವು ಪಿನ್ನುಗಳ ಕಾಲಿಗೆ ಅಂಟಿನ ಲೇಪ ಇರುತ್ತದೆ. ಹೊಡೆಯುವಾಗ ಬಿಸಿಗೆ ಕರಗಿ ಮರಕ್ಕೆ ಹಿಡಿದುಕೊಂಡಿರುತ್ತದೆ. ಎಲೆಕ್ಟ್ರಿಕ್ ಕೆಲಸದವರ ಸೋಲ್ಡರಿಂಗ್ ಐರನ್ನಿನ ತುದಿಯನ್ನು ಬೆನ್ನಿಗೆ ಕೆಲವು ಸೆಕೆಂಡ್ ತಾಕಿಸಿ ಹಿಡಿದರೆ ಅಂಟು ಮೆತ್ತಗಾಗುತ್ತದೆ. ಮರಕ್ಕೆ ತಾಕದಿರಲಿ, ಸುಟ್ಟ ಕಲೆ ಬೀಳುತ್ತದೆ. ಹತ್ತಿರದಲ್ಲಿ ಸ್ಪಿರಿಟ್, ತಿನ್ನರ್ ಇಡಬೇಡಿ.

ತುಕ್ಕು ಬಿಡಿಸುವ ಸ್ಪ್ರೇ, ಕೊಬ್ಬರಿ ಎಣ್ಣೆ, ಸೀಮೆಎಣ್ಣೆ ಹಾಕಿ ಅಂತ ಹೇಳುವವರು ಸಿಗುತ್ತಾರೆ. ಕಬ್ಬಿಣದ ಬೋಲ್ಟಿಗೆ ಅದೆಲ್ಲ ಸರಿ. ಮರ ಎಣ್ಣೆಯನ್ನು ಹೀರುತ್ತದೆ, ಆ ಜಾಗ ಮಬ್ಬಾಗಿ ಉಳಿಯುತ್ತದೆ, ಮುಂದೆ ಅಲ್ಲಿ ಪಾಲಿಶೂ ಹಿಡಿಯುವುದಿಲ್ಲ.

ಒಂದು ಕಾಲು ಮುರಿದು ಒಳಗೆ ಉಳಿದರೆ? ತುದಿ ಮೇಲೆ ಕಾಣುತ್ತಿದ್ದರೆ ಇಕ್ಕಳದಲ್ಲಿ ಹಿಡಿದು ಹೊರಳಿಸಿ. ಕತ್ತರಿಸದಷ್ಟು ಮೆಲ್ಲಗೆ ಹಿಡಿಯಬೇಕು. ಮರದ ಮಟ್ಟಕ್ಕೇ ಮುರಿದಿದ್ದರೆ ಅಗೆಯಬೇಡಿ. ಅಷ್ಟು ಸಣ್ಣ ಕಾಲಿಗೋಸ್ಕರ ಕಡಲೆಬೀಜದಷ್ಟು ಗುಂಡಿ ತೋಡುವುದು ಯಾವ ಲೆಕ್ಕ? ಮೊನೆ ಮೊಂಡು ಮಾಡಿದ ಸಣ್ಣ ಮೊಳೆಯನ್ನು ಅದರ ಮೇಲೆ ನೆಟ್ಟಗೆ ಹಿಡಿದು, ಎರಡು ಮಿಲಿಮೀಟರ್ ಒಳಗೆ ಇಳಿಸಿ ಬಿಟ್ಟುಬಿಡಿ. ಮುಂದೆ ಮಷಿನ್ ಹಾಕಿ ನೆಲ ಉಜ್ಜಿಸುವ ಯೋಚನೆ ಇದ್ದರೆ ಇನ್ನಷ್ಟು ಆಳಕ್ಕೆ ಇಳಿಸಿ. ಮಷಿನ್ನಿನ ಬೆಲ್ಟು ಕಬ್ಬಿಣಕ್ಕೆ ತಾಗಿದರೆ ಹರಿಯುವುದಷ್ಟೇ ಅಲ್ಲ, ಕಿಡಿಯೂ ಹಾರುತ್ತದೆ. ಮರದ ಪುಡಿ ತುಂಬಿದ ಚೀಲದೊಳಗೆ ಆ ಕಿಡಿ ಹೋದರೆ ಬೆಂಕಿಯೇ.

ಉಳಿದವನ್ನು ಹುಡುಕಿ

ಕತ್ತಲಾದ ಮೇಲೆ ಲೈಟ್ ಆರಿಸಿ, ಟಾರ್ಚನ್ನು ನೆಲದ ಮೇಲೆ ಮಲಗಿಸಿ ಹಚ್ಚಿ. ಬೆಳಕು ನೆಲಕ್ಕೆ ಸಮನಾಗಿ ಹರಿದಾಗ ಮೇಲೆದ್ದ ಪ್ರತಿ ಪಿನ್ನಿಗೂ ಉದ್ದನೆಯ ನೆರಳು ಬೀಳುತ್ತದೆ. ಹಗಲಲ್ಲಿ ಕಾಣದ ಎಷ್ಟೋ ಪಿನ್ನು ಆಗ ಕಾಣುತ್ತವೆ. ಒಂದೊಂದಕ್ಕೂ ಪಕ್ಕದಲ್ಲಿ ಸೀಮೆಸುಣ್ಣದ ಚುಕ್ಕೆ ಇಟ್ಟು ಬೆಳಗ್ಗೆ ಕೀಳಿ.

ಆಮೇಲೆ ಹಳೇ ನೈಲಾನ್ ಕಾಲುಚೀಲವೊಂದನ್ನು ಮರದ ತುಂಡಿಗೆ ಹಾಕಿ ನೆಲದ ಮೇಲೆ ಎಳೆಯಿರಿ. ಎಲ್ಲಿ ಸಿಕ್ಕಿಕೊಳ್ಳುತ್ತದೋ ಅಲ್ಲಿ ಪಿನ್ನೋ, ಸಿಬಿರೋ ಇದೆ. ಅಂಗೈ ಸವರಿ ನೋಡುವ ಧೈರ್ಯ ಬೇಡ. ಕೊನೆಗೆ ಅಯಸ್ಕಾಂತವನ್ನು ಪ್ಲಾಸ್ಟಿಕ್ ಕವರಿನಲ್ಲಿ ಸುತ್ತಿ ಹಲಗೆಗಳ ಸಂದಿನ ಮೇಲೆ ಓಡಿಸಿ. ಕವರ್ ಯಾಕೆ ಅಂದರೆ, ಅಂಟಿದ ಪಿನ್ನುಗಳನ್ನು ಒಂದೊಂದೇ ಬಿಡಿಸುವ ಬದಲು ಡಬ್ಬಿಯ ಮೇಲೆ ಕವರ್ ತಿರುವಿಹಾಕಿದರೆ ಎಲ್ಲ ಒಟ್ಟಿಗೆ ಉದುರುತ್ತವೆ. ನಮ್ಮ ಧೂಳಿನಲ್ಲಿ ಕಬ್ಬಿಣದ ಪುಡಿಯೂ ಇರುತ್ತದೆ, ಕಪ್ಪನೆ ಮೀಸೆಯ ಹಾಗೆ ಅಂಟಿಕೊಂಡರೆ ಗಾಬರಿಯಾಗಬೇಡಿ.

ತಗ್ಗು, ಕಪ್ಪು ಕಲೆ, ತೂತು

ಎಷ್ಟು ಜಾಗ್ರತೆ ಮಾಡಿದರೂ ಒಂದೆರಡು ಕಡೆ ತಗ್ಗು ಬಿದ್ದೇ ಬೀಳುತ್ತದೆ. ಎಳೆ ಹರಿಯದೆ ಬರೀ ಅದುಮಿ ಹೋಗಿದ್ದರೆ ಅದನ್ನು ಮೇಲೆ ತರಬಹುದು. ತಗ್ಗಿನ ಮೇಲೆ ಒಂದು ಹನಿ ನೀರು ಬಿಟ್ಟು ಐದು ನಿಮಿಷ ಬಿಡಿ. ಹತ್ತಿ ಬಟ್ಟೆ ಒದ್ದೆ ಮಾಡಿ ಹಿಂಡಿ ಅದರ ಮೇಲೆ ಹಾಸಿ, ಇಸ್ತ್ರಿ ಪೆಟ್ಟಿಗೆಯ ತುದಿಯನ್ನು ನಾಲ್ಕೈದು ಸೆಕೆಂಡ್ ಮಾತ್ರ ತಾಕಿಸಿ. ಹಬೆ ಒಳಗೆ ಹೋಗಿ ಎಳೆ ಉಬ್ಬುತ್ತದೆ. ಬೇಕಿದ್ದರೆ ಇನ್ನೊಮ್ಮೆ ಮಾಡಿ. ಇದು ಬರಿಮೈ ಮರಕ್ಕೆ ಮಾತ್ರ. ಅರಗಿನ ಪಾಲಿಶ್ ಬೆಳ್ಳಗಾಗುತ್ತದೆ ಅಂತ ಆಗಲೇ ಹೇಳಿದೆ. ಪಿಯು ಹೊಡೆದ ನೆಲದಲ್ಲಿ ಹಬೆ ಒಳಗೆ ಇಳಿಯುವುದೇ ಇಲ್ಲ.

ಪಿನ್ನಿನ ಸುತ್ತ ಕಪ್ಪು ಕಲೆ ಇದ್ದರೆ ಅದು ಕೊಳೆಯಲ್ಲ. ಮರದಲ್ಲಿರುವ ಒಗರಿನ ಅಂಶ, ಕಬ್ಬಿಣ, ನೀರು ಮೂರೂ ಸೇರಿ ಆದ ಬಣ್ಣ. ಜಾಲಿ ತೊಗಟೆಯಿಂದ ಚರ್ಮ ಹದ ಮಾಡುತ್ತಾರಲ್ಲ, ಅದರಲ್ಲಿರುವುದೂ ಇದೇ ಒಗರು. ಸಾಬೂನು ಹಚ್ಚಿ ಎಷ್ಟು ತಿಕ್ಕಿದರೂ ಹೋಗುವುದಿಲ್ಲ. ಇದಕ್ಕೆ ಆಕ್ಸಾಲಿಕ್ ಆಸಿಡ್ ಪುಡಿ ಬೇಕು. ಪ್ಲಾಸ್ಟಿಕ್ ಮಗ್ಗಿನಲ್ಲಿ ಒಂದು ಲೀಟರ್ ಬಿಸಿನೀರಿಗೆ ಸುಮಾರು 50 ಗ್ರಾಂ ಕದಡಿ. ಕಲೆಯ ಮೇಲಿನ ಪಾಲಿಶ್ ಮೊದಲು ತೆಗೆದಿರಬೇಕು. ಬ್ರಷ್ಷಿನಿಂದ ಕಲೆಗಷ್ಟೇ ಹಚ್ಚಿ, 15 ನಿಮಿಷ ಬಿಟ್ಟು ಒರೆಸಿ. ಅಡುಗೆ ಸೋಡಾ ಕದಡಿದ ನೀರಿನಲ್ಲಿ ಒಮ್ಮೆ, ಬರೀ ನೀರಿನಲ್ಲಿ ಇನ್ನೊಮ್ಮೆ ಒರೆಸಿ ಎರಡು ದಿನ ಒಣಗಲು ಬಿಡಿ. ಈ ಪುಡಿ ವಿಷ. ನೋಡೋಕೆ ಸಕ್ಕರೆ ಹಾಗಿರುತ್ತದೆ, ಮಕ್ಕಳ ಕೈಗೆ ಸಿಗಬಾರದು. ಗ್ಲೌಸು, ಕನ್ನಡಕ ಇಲ್ಲದೆ ಮುಟ್ಟಬೇಡಿ, ಬ್ಲೀಚಿಂಗ್ ಪೌಡರ್ ಜೊತೆ ಯಾವತ್ತೂ ಬೆರೆಸಬೇಡಿ. ಸರಿಯಾಗಿ ಒರೆಸದೆ ಅದರ ಮೇಲೆ ಪಾಲಿಶ್ ಪೇಪರ್ ಉಜ್ಜಿದರೆ ಪುಡಿ ಮೂಗಿಗೆ ಹೋಗುತ್ತದೆ.

ತೂತುಗಳ ವಿಷಯಕ್ಕೆ ಬಂದರೆ, ಎದ್ದು ನಿಂತು ನೋಡಿ. ನಿಂತಾಗ ಕಾಣದ ತೂತನ್ನು ತುಂಬಬೇಕಿಲ್ಲ. ಸಾಗವಾನಿಯ ಕಂದು ಎಳೆಯಲ್ಲಿ ಮುಕ್ಕಾಲು ಪಾಲು ತೂತು ಕಾಣುವುದಿಲ್ಲ. ಮರದ ಹುಡಿಗೆ ಫೆವಿಕಾಲ್ ಕಲಸಿ ತುಂಬುವುದು ನಮ್ಮಲ್ಲಿ ರೂಢಿ. ಆದರೆ ಆ ಅಂಟು ಪಾಲಿಶ್ ಹೀರುವುದಿಲ್ಲ, ನಂತರ ಚುಕ್ಕೆ ಚುಕ್ಕೆಯಾಗಿ ಎದ್ದು ಕಾಣುತ್ತದೆ. ಕೊಪ್ಪಳದ ಕಿನ್ನಾಳದಲ್ಲಿ ಗೊಂಬೆ ಮಾಡುವವರು ಮರದ ಹುಡಿಗೆ ಹುಣಸೆಬೀಜದ ಅಂಟು ಸೇರಿಸಿ ಮಾಡುವ ‘ಕಿಟ್ಟ’ ಅನ್ನೋ ಮೆತ್ತು ಗೊಂಬೆಗೆ ಬಹಳ ಚೆನ್ನಾಗಿ ಕೂರುತ್ತದೆ. ಆದರೆ ದಿನಾ ಒರೆಸುವ ನೆಲಕ್ಕೆ ಅದು ಆಗದು, ನೀರಿಗೆ ಮೆತ್ತಗಾಗುತ್ತದೆ. ಅಂಗಡಿಯಲ್ಲಿ ಸಿಗುವ ಸಾಗವಾನಿ ಬಣ್ಣದ ವುಡ್ ಪುಟ್ಟಿ ತೆಗೆದುಕೊಳ್ಳಿ. ಮರಕ್ಕಿಂತ ಒಂದು ಛಾಯೆ ಕಪ್ಪಗಿರಲಿ, ತಿಳಿಯಾದದ್ದು ಬೇಗ ಕಣ್ಣಿಗೆ ಹೊಡೆಯುತ್ತದೆ. ಬೆರಳ ತುದಿಯಿಂದ ತೂತಿಗಷ್ಟೇ ಒತ್ತಿ, ಸುತ್ತ ಮೆತ್ತಿದ್ದನ್ನು ಆಗಲೇ ಒರೆಸಿ. ಪಾಲಿಶ್ ಚೆನ್ನಾಗಿದ್ದು ತೂತಷ್ಟೇ ತೊಂದರೆ ಅಂದರೆ ಬಣ್ಣದ ಮೇಣದ ಕಡ್ಡಿ ತಿಕ್ಕಿ ಬಟ್ಟೆಯಿಂದ ಒರೆಸಿದರೂ ಸಾಕು.

ಹಲಗೆ ಹಲಗೆಯ ನಡುವಿನ ಸಂದನ್ನು ಮಾತ್ರ ತುಂಬಬೇಡಿ. ಬೇಸಿಗೆಯಲ್ಲಿ ಅಗಲವಾದ ಸಂದು ಮಳೆಗಾಲದಲ್ಲಿ ತಾನೇ ಕಿರಿದಾಗುತ್ತದೆ. ಒಳಗೆ ಪುಟ್ಟಿ ಇದ್ದರೆ ಹಲಗೆ ಅದನ್ನು ಹೊರಗೆ ತಳ್ಳುತ್ತದೆ.

ಉಜ್ಜುವುದಿದ್ದರೆ 120ರ ಪಾಲಿಶ್ ಪೇಪರ್‌ನಿಂದ ಶುರು ಮಾಡಿ 180ಕ್ಕೆ ಮುಗಿಸಿ, ಯಾವಾಗಲೂ ಎಳೆಯ ಉದ್ದಕ್ಕೆ. ಒಂದೇ ಜಾಗದಲ್ಲಿ ಗುಂಡಗೆ ಉಜ್ಜಿದರೆ ಅಲ್ಲಿ ಬಟ್ಟಲಿನ ಹಾಗೆ ತಗ್ಗಾಗಿ, ಪಾಲಿಶ್ ಬಿದ್ದ ಮೇಲೆ ಎದ್ದು ಕಾಣುತ್ತದೆ. ಹಳೇ ಪಾಲಿಶ್ ಮುಕ್ಕಾಲು ಉಳಿದಿದ್ದರೆ ಉಜ್ಜದೆ, ಅದೇ ಜಾತಿಯ ಪಾಲಿಶನ್ನು ತೆಳುವಾಗಿ ಎರಡು ಕೋಟು ಹೊಡೆಸುವುದು ಜಾಣತನ.

ನೆಲ ಒಣಗಿದ ಮೇಲೆ ಏನಾದರೂ ಹಾಸಬೇಕು ಅನ್ನಿಸಿದರೆ ಜಮಖಾನೆಯನ್ನು ಪಿನ್ನಿಲ್ಲದೆ ಹಾಗೇ ಹಾಸಿ. ಹಿಂಬದಿಗೆ ರಬ್ಬರ್ ಇರುವ ಮ್ಯಾಟು ಬೇಡ, ರಬ್ಬರ್ ಪಾಲಿಶ್‌ನ ಬಣ್ಣ ಕೆಡಿಸುತ್ತದೆ. ವಾರಕ್ಕೊಮ್ಮೆ ಎತ್ತಿ ಹೊರಗೆ ಕೊಡವಿ, ಕೆಳಗಿನ ಕೆಂಪು ಧೂಳು ಗುಡಿಸಿ. ಡಬ್ಬಿಯಲ್ಲಿ ಸೇರಿದ ಪಿನ್ನುಗಳನ್ನು ಕಸದ ಗಾಡಿಗೆ ಬಿಡಿಯಾಗಿ ಸುರಿಯಬೇಡಿ. ಮುಚ್ಚಳ ಬಿಗಿದು ಗುಜರಿಯವರಿಗೆ ಕೊಡಿ, ಒಳಗೇನಿದೆ ಅಂತ ಹೇಳಿ ಕೊಡಿ.